ಪ್ರೆಸ್ಸುಗಳು ನಿಂತ ದಿನ ಆಡಿದ ಮಾತು

ಪುಟ್ಟರಾಜುವಿನ ಅಂಗಿಯ ಕಾಲರು ನನ್ನ ಮುಷ್ಟಿಯಲ್ಲಿತ್ತು. ಇಷ್ಟು ಖಚಿತ. ಅವನನ್ನು ಹೊಡೆಯುವವರ ನಡುವಿನಿಂದ ಹೊರಗೆಳೆಯಲು ಹಿಡಿದಿದ್ದೆನೋ, ತಪ್ಪಿಸಿಕೊಳ್ಳದ ಹಾಗೆ ಹಿಡಿದಿದ್ದೆನೋ, ಅದು ನನಗೆ ಗೊತ್ತಿಲ್ಲ. ಪೊಲೀಸರಿಗೆ ನಾನು ಆ ಜಾಗದಲ್ಲೇ ಇರಲಿಲ್ಲ ಎಂದು ಹೇಳಿದೆ. ಹೆಂಡತಿಗೆ, ಮದುವೆಯಾದ ಹೊಸತರಲ್ಲಿ, ಅವನನ್ನು ಕಾಪಾಡಲು ಹೋಗಿದ್ದೆ ಎಂದು ಹೇಳಿದೆ. ಎರಡನ್ನೂ ಹೇಳುವಾಗ ನನ್ನ ದನಿ ಒಂದೇ ಥರ ಇತ್ತು. ವಿಶ್ವವಿದ್ಯಾಲಯದಲ್ಲಿ ತತ್ವಶಾಸ್ತ್ರ ಓದುವಾಗ, ನೆನಪನ್ನು ಸಾಕ್ಷಿಯೆಂದು ಒಪ್ಪಬಹುದೇ ಎಂಬ ವಿಷಯದ ಮೇಲೆ ಗಂಟೆಗಟ್ಟಲೆ ವಾದ ಮಾಡಿದವನು ನಾನು. ಆಗ ಅದು ಪರೀಕ್ಷೆಯ ಪ್ರಶ್ನೆ ಮಾತ್ರವಾಗಿತ್ತು.

ಇದನ್ನು ಈಗ ಬರೆಯಲು ಕಾರಣ ಒಂದು ವಾಸನೆ. ಕೆಲವು ತಿಂಗಳ ಹಿಂದೆ ಮನೆಯ ನೀರಿನ ಮೋಟರಿಗೆ ಒಂದು ಬಿಡಿಭಾಗ ಹುಡುಕಿಕೊಂಡು ಪೀಣ್ಯದಲ್ಲಿ ಮೆಟ್ರೋ ಇಳಿದೆ. ಮಳೆ ಆಗಷ್ಟೇ ನಿಂತಿತ್ತು. ಒಂದು ಶೆಡ್ಡಿನ ಮುಂದೆ ಕಬ್ಬಿಣದ ಚೂರುಗಳನ್ನು ರಾಶಿ ಹಾಕಿದ್ದರು. ನೆನೆದ ಕಬ್ಬಿಣ, ಸುಟ್ಟ ಎಣ್ಣೆ, ಎರಡೂ ಸೇರಿದ ವಾಸನೆ ಮೂಗಿಗೆ ಬಡಿದದ್ದೇ ನನ್ನ ಬಲಗೈ ತಾನಾಗಿ ಮುಷ್ಟಿ ಕಟ್ಟಿತು. ಎರಡು ತಿರುವು ಆಚೆಗೆ ನಾನು ಕೆಲಸ ಮಾಡಿದ್ದ ಕಾರ್ಖಾನೆ. ಈಗ ಅದಕ್ಕೆ ನೀಲಿ ಬಣ್ಣ ಬಳಿದು ಪಾರ್ಸೆಲ್ಲುಗಳ ಗೋದಾಮು ಮಾಡಿದ್ದಾರೆ. ಗೇಟಿನ ಮುಂದಿನ ರಸ್ತೆ ಮಾತ್ರ ಹಾಗೇ ಇದೆ, ನಡುವೆ ಅದೇ ತಗ್ಗು. ಬಿಡಿಭಾಗ ಕೊಳ್ಳದೆ ವಾಪಸು ಬಂದೆ.

ಲಾಕ್‌ಡೌನುಗಳು ಮುಗಿದು ಪೀಣ್ಯದ ಕಾರ್ಖಾನೆಗಳು ಮತ್ತೆ ಮೂರು ಶಿಫ್ಟಿಗೆ ಮರಳಿದ ಕಾಲ ಅದು. ನಾನು ಪಿಎಚ್.ಡಿ. ಅರ್ಧಕ್ಕೆ ಬಿಟ್ಟು, ಬೈಕುಗಳಿಗೆ ತಗಡಿನ ಬಿಡಿಭಾಗ ಒತ್ತಿಕೊಡುವ ಆ ಕಾರ್ಖಾನೆಯಲ್ಲಿ ಸ್ಟೋರ್ಸ್ ಗುಮಾಸ್ತನಾಗಿ ಸೇರಿದ್ದೆ. ಮಾದನಾಯಕನಹಳ್ಳಿಯಲ್ಲಿ ಒಂದು ರೂಮು. ರೂಮಿನಲ್ಲಿ ನನ್ನ ಜೊತೆಗಿದ್ದವನು ಶರಣಪ್ಪ, ಯಾದಗಿರಿ ಕಡೆಯವನು, ಪ್ರೆಸ್ ಆಪರೇಟರ್. ಹೆಂಡತಿ, ಮಗಳು ಊರಲ್ಲಿ. ಅವನು ರೊಟ್ಟಿ ಬಡಿಯುತ್ತಿದ್ದ, ನಾನು ಪಾತ್ರೆ ತೊಳೆಯುತ್ತಿದ್ದೆ. ಕಾರ್ಮಿಕರ ಸಂಘಕ್ಕೆ ಕರಪತ್ರ ಬರೆಯುವವರು ಬೇಕಾಗಿತ್ತು. ನನಗೆ ಕನ್ನಡ ಟೈಪಿಂಗ್ ಬರುತ್ತಿತ್ತು. ಹೀಗೆ ನಾನು ಎಲ್ಲರಿಗೂ ‘ಮೇಷ್ಟ್ರು’ ಆದೆ.

ಪ್ರೆಸ್ ಶಾಪಿನಲ್ಲಿ ಹದಿನಾಲ್ಕು ಯಂತ್ರಗಳಿದ್ದವು. ಒಂದೊಂದೂ ಆನೆಯ ಗಾತ್ರ. ಮೇಲಿನ ಉಕ್ಕಿನ ದಿಂಡು ಧಡ್ಡನೆ ಇಳಿದು ತಗಡಿಗೆ ಗುದ್ದಿದರೆ ಸ್ಟೋರ್ಸಿನಲ್ಲಿ ನನ್ನ ಚಹಾದ ಲೋಟ ಅಲುಗುತ್ತಿತ್ತು. ಅಲ್ಲಿ ಬಾಯಲ್ಲಿ ಮಾತಾಡುವವರು ಇರಲಿಲ್ಲ, ಎಲ್ಲ ಕೈಸನ್ನೆ. ಸಂಘದ ಮುಂದಾಳು ಗಂಗಣ್ಣ ಕುಣಿಗಲ್ಲಿನವರು, ಹಳೆಯ ಆಪರೇಟರ್, ಎರಡು ಬೆರಳು ಪ್ರೆಸ್ಸಿಗೆ ಹೋಗಿದ್ದವು. ಅವರು ಎರಡೂ ಕೈ ಎತ್ತಿ ‘ಹತ್ತು ನಿಮಿಷ’ ಎಂದು ತೋರಿಸಿದರೆ, “ಎಂಟೇ ನಿಮಿಷ ಅಂತೆ ಕಣ್ರೋ, ಬೇಗ ಬನ್ನಿ” ಎಂದು ಹುಡುಗರು ನಗುತ್ತಿದ್ದರು. ಗಂಗಣ್ಣನೂ ನಗುತ್ತಿದ್ದರು. ಶಿಫ್ಟು ಬದಲಾಗುವಾಗ ಗೇಟಿನ ಮುಂದೆ ಅವರು ಮಾಡುತ್ತಿದ್ದ ಭಾಷಣದಲ್ಲಿ ಅರ್ಧ ಯಾರಿಗೂ ಕೇಳುತ್ತಿರಲಿಲ್ಲ, ಒಳಗೆ ಪ್ರೆಸ್ಸುಗಳು ಗುದ್ದುತ್ತಲೇ ಇರುತ್ತಿದ್ದವು. ಅದಕ್ಕೇ ಗಂಗಣ್ಣ ಬಾಯಿಗೆ ಬಂದದ್ದನ್ನೆಲ್ಲ ಕೂಗುತ್ತಿದ್ದರು. ಮಾಲೀಕನ ವಂಶವನ್ನೇ ಜಾಲಾಡಿದರೂ ಜನ ಕೈ ಎತ್ತಿ ಜೈ ಎನ್ನುತ್ತಿದ್ದರು, ಬಸ್ಸಿಗೆ ಓಡುತ್ತಿದ್ದರು.

ಪ್ರತಿ ಪ್ರೆಸ್ಸಿಗೆ ಎರಡು ಬಟನ್ನು, ಎಡಕ್ಕೊಂದು ಬಲಕ್ಕೊಂದು. ಎರಡನ್ನೂ ಒಟ್ಟಿಗೆ ಒತ್ತಿದರೆ ಮಾತ್ರ ದಿಂಡು ಇಳಿಯಬೇಕು. ಎರಡು ಕೈಯೂ ಬಟನ್ನಿನ ಮೇಲಿದ್ದರೆ ಯಾವ ಕೈಯೂ ಒಳಗಿರುವುದಿಲ್ಲ, ಲೆಕ್ಕ ಅಷ್ಟೇ. ಆದರೆ ಹಾಗೆ ಮಾಡಿದರೆ ಗಂಟೆಗೆ ಇಷ್ಟು ಪೀಸು ಎಂದು ಮೇಲಿನವರು ಹೇಳಿದ ಲೆಕ್ಕ ಮುಟ್ಟುತ್ತಿರಲಿಲ್ಲ. ಅದಕ್ಕೆ ಶಿಫ್ಟಿನ ಆರಂಭದಲ್ಲಿ, ಯಂತ್ರಕ್ಕೆ ಅಚ್ಚು ಕೂರಿಸಿ ಸರಿಮಾಡಿ ಕೊಡುವ ಸೆಟ್ಟರ್, ಸೈಕಲ್ ಟ್ಯೂಬಿನ ಒಂದು ಪಟ್ಟಿ ಕತ್ತರಿಸಿ ಎಡ ಬಟನ್ನನ್ನು ಒತ್ತಿ ಬಿಗಿದುಬಿಡುತ್ತಿದ್ದ. ಬಲಗೈ ತಗಡನ್ನು ಒಳಗಿಡುವುದು, ಹೊರಗೆ ಬರುವುದು, ಬಟನ್ನು ಒತ್ತುವುದು. ಎಡಗೈ ಮುಂದಿನ ತಗಡು ಎತ್ತಿಕೊಳ್ಳುವುದು. ಕಾರ್ಖಾನೆಗಳನ್ನು ತಪಾಸಣೆ ಮಾಡುವ ಸರ್ಕಾರಿ ಇನ್‌ಸ್ಪೆಕ್ಟರ್ ಬರುತ್ತಾರೆ ಎಂದು ಸುದ್ದಿ ಬಂದರೆ ಸೆಟ್ಟರ್ ಸಾಲಾಗಿ ನಡೆದು ಹದಿನಾಲ್ಕು ಪಟ್ಟಿಗಳನ್ನೂ ಬ್ಲೇಡಿನಿಂದ ಕೊಯ್ದು ಜೇಬಿಗೆ ಹಾಕಿಕೊಳ್ಳುತ್ತಿದ್ದ. ಆ ಸೆಟ್ಟರ್ ಪುಟ್ಟರಾಜು. ಮಾಗಡಿ ಕಡೆಯವನು, ಮೆತ್ತಗಿನ ಮನುಷ್ಯ, ಹೆಚ್ಚು ಮಾತಿಲ್ಲ.

ಮುಂಗಾರಿನ ಮೊದಲ ವಾರ ಕರೆಂಟು ಹೋಗಿ ಬಂದು ಮಾಡುತ್ತಿತ್ತು. ಒಂದು ಮಧ್ಯಾಹ್ನ ಏಳನೇ ನಂಬರಿನ ಪ್ರೆಸ್ಸು ಒಂದು ಒತ್ತಿಗೆ ಎರಡು ಸಲ ಇಳಿಯಿತು. ಎರಡನೇ ಸಲ ಶರಣಪ್ಪನ ಬಲಗೈ ಒಳಗಿತ್ತು.

ನಾನು ಓಡಿದೆ. ಒಂದೊಂದೇ ಪ್ರೆಸ್ಸು ನಿಲ್ಲುತ್ತಿತ್ತು. ಶರಣಪ್ಪ ಕೂಗುತ್ತಿರಲಿಲ್ಲ. ಯಂತ್ರಕ್ಕೆ ಒರಗಿ, ತನ್ನ ಕೈ ಇದ್ದ ಜಾಗವನ್ನು ನೋಡುತ್ತಾ, ಯಾರೋ ಸಾಲ ಕೇಳಿದ್ದಾರೆ ಎಂಬಂತೆ ತಲೆ ಅಲ್ಲಾಡಿಸುತ್ತಿದ್ದ. ಮಣಿಕಟ್ಟಿನಿಂದ ಮುಂದೆ ಇದ್ದದ್ದು ತಗಡಿನ ಜೊತೆ ಒತ್ತಿಹೋಗಿತ್ತು. ಗಂಗಣ್ಣ ತಮ್ಮ ಅಂಗಿ ಹರಿದು ಮೊಣಕೈ ಹತ್ತಿರ ಬಿಗಿದರು. ರಕ್ತ ಅಚ್ಚಿನ ಮೇಲಿನ ಎಣ್ಣೆಯ ಜೊತೆ ಬೆರೆಯದೆ, ಗುಳ್ಳೆ ಗುಳ್ಳೆಯಾಗಿ ಉರುಳುತ್ತಿತ್ತು. ಇದು ನಾನು ಕಂಡದ್ದೇ. ಆದರೆ ಆಗ ಎಡ ಬಟನ್ನಿನ ಮೇಲೆ ಟ್ಯೂಬಿನ ಪಟ್ಟಿ ಇತ್ತೇ? ಕಣ್ಣು ಮುಚ್ಚಿದರೆ ಕೆಲವು ದಿನ ಪಟ್ಟಿ ಕಾಣುತ್ತದೆ, ಕೆಲವು ದಿನ ಬರಿಯ ಹಸಿರು ಬಟನ್ನು.

ವಿಚಾರಣೆ ಎಂಬ ಶಾಸ್ತ್ರ ಮುಗಿಸಿ ಕಂಪನಿ ಶರಣಪ್ಪನನ್ನು ಕೆಲಸದಿಂದ ತೆಗೆಯಿತು. ಅವನೇ ಬಟನ್ನಿಗೆ ಪಟ್ಟಿ ಕಟ್ಟಿ, ಸುರಕ್ಷತೆಯ ನಿಯಮ ಮುರಿದು, ತನ್ನ ಕೈ ತಾನೇ ಕಳೆದುಕೊಂಡ ಎಂದು ಕಾರಣ ಕೊಟ್ಟರು. ಪಟ್ಟಿ ಕಟ್ಟುವುದು ಯಾರೆಂದು ಇಡೀ ಶಾಪಿಗೆ ಗೊತ್ತು. ಹೇಳುವವರು ಒಬ್ಬರೂ ಇಲ್ಲ. ಪಟ್ಟಿ ಕಟ್ಟಿದ ಯಂತ್ರದಲ್ಲಿ ನಾನೂ ಕೆಲಸ ಮಾಡಿದೆ ಎಂದು ಒಪ್ಪಿಕೊಂಡವನಿಗೂ ಅದೇ ವಜಾ ನೋಟೀಸು ಬರುತ್ತಿತ್ತು. ಉಳಿದವನು ಪುಟ್ಟರಾಜು. ಅಪಘಾತದ ಮರುದಿನ ಕಾರ್ಖಾನೆ ಇನ್‌ಸ್ಪೆಕ್ಟರು ಬಂದು ಅವನೊಬ್ಬನನ್ನೇ ಗಾಜಿನ ಕೋಣೆಯಲ್ಲಿ ಕೂರಿಸಿಕೊಂಡು ಬಹಳ ಹೊತ್ತು ಕೇಳಿದ್ದರು. ಹೊರಗೆ ಬಂದವನನ್ನು ಗಂಗಣ್ಣ ತಡೆದರು.

“ಏನ್ ಹೇಳ್ದೆ ಪುಟ್ಟರಾಜು?”

“ನನ್ನೇನೂ ಕೇಳ್ಬ್ಯಾಡ್ರಣ್ಣ. ಹೇಳೋದು ಹೇಳಿವ್ನಿ.”

“ಏನ್ ಹೇಳಿದೀಯ ಅದನ್ನ ಬೊಗಳು.”

ಅವನು ತಲೆ ತಗ್ಗಿಸಿಕೊಂಡು ಹೋದ. ವಾರದೊಳಗೆ ಅವನನ್ನು ಜಿಗಣಿಯ ಘಟಕಕ್ಕೆ ವರ್ಗ ಮಾಡಿದರು. ಅಲ್ಲಿ ಹೊಸ ಶೆಡ್ಡು, ಹೊಸ ಯಂತ್ರ. ನಾವೆಲ್ಲ ಅದನ್ನು ಕಂಪನಿಯ ಪರ ಹೇಳಿದ್ದಕ್ಕೆ ಸಿಕ್ಕ ಬಹುಮಾನ ಎಂದೇ ತಿಳಿದುಕೊಂಡೆವು. ಮಾಗಡಿ ರಸ್ತೆಯ ಮನೆಯಿಂದ ಜಿಗಣಿಗೆ ದಿನವೂ ಊರಿನ ಈ ತುದಿಯಿಂದ ಆ ತುದಿಗೆ ಬೈಕು ಹೊಡೆಯುವುದು ಎಂಥ ಬಹುಮಾನ ಎಂದು ನನಗಾಗಲಿ ಬೇರೆಯವರಿಗಾಗಲಿ ಅನ್ನಿಸಲಿಲ್ಲ.

ಕೇಸು ಕಾರ್ಮಿಕ ನ್ಯಾಯಾಲಯಕ್ಕೆ ಹೋಯಿತು. ಸಂಘದ ಪರವಾಗಿ ವಾದಿಸಲು ಒಪ್ಪಿದವರು ನಿರ್ಮಲಾ ಮೇಡಂ. ಮೊದಲ ದಿನವೇ ಅವರು ಶರಣಪ್ಪನನ್ನು ಕೇಳಿದರು, “ನಿಮಗೇನು ಬೇಕು? ಕೆಲಸವಾ, ಪರಿಹಾರವಾ?”

“ಮೇಡಂ, ನಾ ಕಟ್ಟಿಲ್ರಿ. ಅದೊಂದ ಮಾತು ಕೋರ್ಟ್‌ನ್ಯಾಗ ಬರೀಬೇಕ್ರಿ,” ಎಂದ ಶರಣಪ್ಪ. “ಕೈ ಹೋದ್ರ ಹೋತು. ಊರಾಗ ಏನಂತಾರ ಗೊತ್ತದ ಏನ್ರಿ? ತನ್ನ ಕೈ ತಾನ ಕಡಕೊಂಡ ಮಬ್ಬ ಅಂತಾರ. ಮಗಳಿಗಿ ಸಾಲ್ಯಾಗ ಹಂಗ ಅಂದಾರ.”

“ಬರೆಸೋಣ,” ಎಂದರು ಮೇಡಂ.

ಕಂಪನಿ ತನ್ನ ಸಾಕ್ಷಿಗಳ ಪಟ್ಟಿಯಲ್ಲಿ ಪುಟ್ಟರಾಜುವಿನ ಹೆಸರು ಕೊಟ್ಟಿತ್ತು. ಗಂಗಣ್ಣ ಕೆರಳಿದರು. ಮೇಡಂ ಮಾತ್ರ ಇದೇ ಒಳ್ಳೆಯದಾಯಿತು ಎಂದರು. “ಅವರೇ ಕಟಕಟೆಗೆ ತಂದು ನಿಲ್ಲಿಸಲಿ. ಪಾಟೀ ಸವಾಲು ನಾನು ಮಾಡ್ತೀನಿ. ಇನ್‌ಸ್ಪೆಕ್ಟರ್ ಆಫೀಸಿನ ಫೈಲು ತರಿಸಿ ಅಂತ ಅರ್ಜಿನೂ ಹಾಕ್ತೀನಿ. ನೀವು ಒಂದೇ ಒಂದು ಉಪಕಾರ ಮಾಡಿ. ಕೇಸು ಮುಗಿಯೋವರೆಗೂ ಜಡ್ಜ್ ಬಗ್ಗೆ, ಸಾಕ್ಷಿ ಬಗ್ಗೆ ಹೊರಗಡೆ ಬಾಯಿ ಬಿಡಬೇಡಿ.”

ನಾನು ಸುಮ್ಮನಿರಲಿಲ್ಲ. ನ್ಯಾಯಾಲಯವೂ ಸಾರ್ವಜನಿಕ ಸಂಸ್ಥೆ, ಅದನ್ನು ಪ್ರಶ್ನಿಸುವ ಹಕ್ಕು ನಾಗರಿಕನಿಗಿದೆ, ನ್ಯಾಯಾಂಗ ನಿಂದನೆ ಎಂಬ ಮಾತೇ ರಾಜರ ಕಾಲದ್ದು ಎಂದೆಲ್ಲ ಹೇಳಿದೆ. ಅವರು ಕೈಗಡಿಯಾರ ನೋಡಿಕೊಂಡರು.

“ಮುಗೀತಾ ಮೇಷ್ಟ್ರೇ? ಕೋರ್ಟನ್ನ ಟೀಕೆ ಮಾಡಬೇಡಿ ಅಂತ ಯಾರು ಹೇಳಿದ್ರು? ತೀರ್ಪು ಬರಲಿ. ತಪ್ಪು ಅನ್ನಿಸಿದ್ರೆ ಬೀದೀಲಿ ನಿಂತು ಹೇಳಿ, ನಾನೂ ಬಂದು ಪಕ್ಕದಲ್ಲಿ ನಿಲ್ತೀನಿ. ಈಗ ಕೇಸು ನಡೀತಿದೆ. ಒಬ್ಬ ಮನುಷ್ಯ ಬಂದು ಸಾಕ್ಷಿ ಹೇಳಬೇಕು. ಅವನು ಹೆದರಿಕೊಂಡ್ರೆ ಸೋಲೋದು ಜಡ್ಜಲ್ಲ, ಇವರು,” ಎಂದು ಶರಣಪ್ಪನ ಕಡೆ ತೋರಿಸಿದರು.

ನನಗೆ ಅದು ವಕೀಲರ ಅಂಜುಬುರುಕತನ ಅನ್ನಿಸಿತು.

ಒಂದು ವರ್ಷ ಹೋಯಿತು. ಒಂದು ದಿನ ಜಡ್ಜ್ ರಜೆ. ಒಂದು ದಿನ ಕಂಪನಿಯ ವಕೀಲರು ಸಮಯ ಕೇಳಿದರು. ಒಂದು ದಿನ ನಮ್ಮ ಸರದಿ ಬರುವಷ್ಟರಲ್ಲಿ ಕೋರ್ಟು ಎದ್ದಿತು. ಶರಣಪ್ಪ ಪ್ರತಿ ಸಲ ಒಗೆದ ಅಂಗಿ ಹಾಕಿಕೊಂಡು, ಬಲತೋಳಿನ ಖಾಲಿ ತುದಿಯನ್ನು ಮಡಚಿ ಪಿನ್ನು ಚುಚ್ಚಿಕೊಂಡು ಬರುತ್ತಿದ್ದ. ಎಡಗೈಯಲ್ಲಿ ರೊಟ್ಟಿ ಬಡಿಯಲು ಕಲಿಯುತ್ತಿದ್ದ. ಹಿಟ್ಟು ಹರಿದುಹೋದಾಗ ಹೆಂಚನ್ನು ಎತ್ತಿ ಗೋಡೆಗೆ ಎಸೆಯುತ್ತಿದ್ದ. ಗೋಡೆಯ ಗಾರೆ ಉದುರಿದ ಆ ಗುರುತುಗಳನ್ನು ಮನೆಯ ಓನರ್ ನೋಡಬಾರದೆಂದು ನಾನು ಕ್ಯಾಲೆಂಡರ್ ತೂಗುಹಾಕಿದ್ದೆ.

ಈ ನಡುವೆ ಗೇಟಿನ ಎದುರಿನ ಚಹಾದಂಗಡಿಯಲ್ಲಿ ಒಂದು ಮಾತು ಹುಟ್ಟಿತು. ಜಡ್ಜೂ ಕಂಪನಿಯ ವಕೀಲರೂ ಒಂದೇ ಊರಿನವರಂತೆ, ಒಂದೇ ಕಾರಿನಲ್ಲಿ ಬಂದದ್ದನ್ನು ಯಾರೋ ಕಂಡರಂತೆ. ಯಾರು ಕಂಡದ್ದು, ಯಾವ ದಿನ, ಎಂದು ನಾನು ಕೇಳಲಿಲ್ಲ. ದೇವರಿಂದ ಹಿಡಿದು ನನ್ನ ಜನ್ಮದಿನಾಂಕದವರೆಗೆ ಎಲ್ಲವನ್ನೂ ಅನುಮಾನಿಸುತ್ತಿದ್ದವನು, ಈ ಒಂದು ಮಾತನ್ನು ಬಿಸಿ ಚಹಾದ ಜೊತೆ ಹಾಗೇ ನುಂಗಿಬಿಟ್ಟೆ.

ಆಯುಧಪೂಜೆಗೆ ಎರಡು ದಿನ ಮೊದಲು ಗಂಗಣ್ಣ ಭಾಷಣ ಬರೆದುಕೊಡಲು ಹೇಳಿದರು. ಮೊದಲು ಬರೆದುಕೊಟ್ಟದ್ದನ್ನು ಓದಿ ಹಿಂದಕ್ಕೆ ಚಾಚಿದರು. “ಏನ್ ಮೇಷ್ಟ್ರೇ, ಇಂಗೆ ನೀರು ನೀರಾಗಿ ಬರೆದ್ರೆ ಯಾವನ್ ಕೇಳ್ತಾನೆ? ಖಾರ ಹಾಕಿ.”

ಖಾರ ಹಾಕಿದೆ. ‘ಈ ಕೇಸಿನ ತೀರ್ಪು ಮಾಲೀಕರ ಛೇಂಬರಿನಲ್ಲಿ ಆಗಲೇ ಟೈಪಾಗಿದೆ, ಜಡ್ಜ್ ಸಾಹೇಬರು ಸಹಿ ಹಾಕುವುದೊಂದೇ ಬಾಕಿ.’ ಈ ವಾಕ್ಯ ನನ್ನದು. ಬರೆದ ಪೆನ್ನು, ಕೂತಿದ್ದ ಮೆಟ್ಟಿಲು ಎಲ್ಲ ನೆನಪಿದೆ. ಇನ್ನೊಂದು ವಾಕ್ಯವಿತ್ತು. ‘ಸುಳ್ಳು ಸಾಕ್ಷಿ ಹೇಳೋ ಬಾಯಿ ಮುಚ್ಚೋಕೂ ನಮ್ಮ ಹತ್ತಿರ ಒಂದು ಪ್ರೆಸ್ಸಿದೆ.’ ಇದನ್ನು ನಾನು ಬರೆದೆನೋ, ಗಂಗಣ್ಣ ಅಲ್ಲೇ ನಿಂತು ಹೊಸೆದರೋ, ಗೊತ್ತಿಲ್ಲ. ಅದು ಗಂಗಣ್ಣನ ಬಾಯಿಂದ ಬಂದಾಗ ನಾನು ಬೆಚ್ಚಿದ್ದು ನೆನಪಿದೆ. ಅದೇ ಕ್ಷಣ, ಚೆನ್ನಾಗಿದೆ ಎಂದು ಒಳಗೊಳಗೇ ಹಿಗ್ಗಿದ್ದೂ ನೆನಪಿದೆ. ಬೇರೆಯವರ ವಾಕ್ಯಕ್ಕೆ ಹಾಗೆ ಹಿಗ್ಗುವ ಅಭ್ಯಾಸ ನನಗಿಲ್ಲ.

ಪೂಜೆಯ ದಿನ ಬೆಳಿಗ್ಗೆಯಿಂದ ಪ್ರೆಸ್ಸುಗಳನ್ನು ಒರೆಸಿ, ವಿಭೂತಿ ಪಟ್ಟೆ ಬಳಿದು, ಬಾಳೆಕಂದು ಕಟ್ಟಿದ್ದರು. ಎಲ್ಲರೂ ಹೊಸ ಅಂಗಿ. ಕಡ್ಲೆಪುರಿ ಪೊಟ್ಟಣ, ಸ್ವೀಟ್ ಬಾಕ್ಸು ಹಂಚಿಕೆಯಾಯಿತು. ಪ್ರತಿ ಯಂತ್ರದ ಮುಂದೆ, ಆಮೇಲೆ ಗೇಟಿನ ಮುಂದೆ ರಸ್ತೆಯ ಮೇಲೆ, ಬೂದುಗುಂಬಳಕಾಯಿಗೆ ಕುಂಕುಮ ತುಂಬಿ ಒಡೆದರು. ಹನ್ನೆರಡೂವರೆಗೆ ಮೂರೂ ಶಿಫ್ಟಿನವರು ಒಟ್ಟಿಗೆ ಗೇಟಿನ ಹೊರಗೆ ಸೇರಿದರು. ಗಂಗಣ್ಣ ಗೇಟಿನ ಪಕ್ಕದ ಕಲ್ಲಿನ ಮೇಲೆ ಹತ್ತಿದರು.

ಅವರು ಎಂದಿನ ಹಾಗೆಯೇ ಕೂಗಿದರು, ಪ್ರೆಸ್ಸುಗಳ ಸದ್ದನ್ನು ಮೀರಿಸುವ ಹಾಗೆ. ಆದರೆ ಆ ದಿನ ಪ್ರೆಸ್ಸುಗಳು ನಿಂತಿದ್ದವು. ಅಕ್ಕಪಕ್ಕದ ಕಾರ್ಖಾನೆಗಳೂ ನಿಂತಿದ್ದವು. ವರ್ಷಗಳಿಂದ ಅರ್ಧ ಮಾತು ಕೇಳಿಸಿಕೊಂಡು ಕೈ ಎತ್ತುತ್ತಿದ್ದ ಜನಕ್ಕೆ ಮೊದಲ ಸಲ ಪ್ರತಿಯೊಂದು ಅಕ್ಷರವೂ ಕೇಳಿಸಿತು. ನನ್ನ ಪಕ್ಕದವನು ಪುರಿ ಮೆಲ್ಲುವುದನ್ನು ನಿಲ್ಲಿಸಿದ. ತೀರ್ಪಿನ ವಾಕ್ಯಕ್ಕೆ ಯಾರೂ ಜೈ ಎನ್ನಲಿಲ್ಲ. ಬಾಯಿ ಮುಚ್ಚುವ ವಾಕ್ಯಕ್ಕೂ ಎನ್ನಲಿಲ್ಲ. ಸುಮ್ಮನೆ ನಿಂತಿದ್ದರು. ಗಂಗಣ್ಣ ಕೂಡ ಆ ಮೌನಕ್ಕೆ ತಬ್ಬಿಬ್ಬಾಗಿ ಕಾಗದ ಮಡಚಿದರು.

ಆಗ ಬೈಕು ನಿಂತಿತು. ಪುಟ್ಟರಾಜು. ಇಸ್ತ್ರಿ ಮಾಡಿದ ಬಿಳಿ ಅಂಗಿ. ಹ್ಯಾಂಡಲಿಗೆ ತೂಗುಹಾಕಿದ ಚೀಲದಲ್ಲಿ ಸೇವಂತಿಗೆ ಹೂವು, ನಿಂಬೆಹಣ್ಣು. ಎಲ್ಲಿಗೇ ವರ್ಗವಾಗಿ ಹೋದರೂ ಸೆಟ್ಟರುಗಳು ಆಯುಧಪೂಜೆಯ ದಿನ ತಾವು ಪಳಗಿಸಿದ ಯಂತ್ರಕ್ಕೆ ಬಂದು ಒಂದು ನಿಂಬೆಹಣ್ಣು ಇಟ್ಟು ಹೋಗುವುದು ಅಲ್ಲಿನ ರೂಢಿ. ಹಿಂದಿನ ವರ್ಷ ಅವನು ಬಂದಿರಲಿಲ್ಲ. ಈ ಸಲ ಬಂದವನು ಮೊದಲು ಸೆಕ್ಯುರಿಟಿಯವನನ್ನು, “ಶರಣಪ್ಪ ಬಂದವ್ನಾ?” ಎಂದು ಕೇಳಿದನಂತೆ. ಇದು ಸೆಕ್ಯುರಿಟಿಯವನು ಆಮೇಲೆ ಹೇಳಿದ್ದು.

“ಬಂದ ನೋಡ್ರೋ ಸಾಕ್ಷಿ!” ಎಂದು ಯಾರೋ ಅಂದರು.

ಮೊದಲ ಏಟು ತೆಂಗಿನಕಾಯಿಯದು. ಅವನ ಕಿವಿಯ ಮೇಲೆ ಬಿದ್ದು ಒಡೆಯಿತು. ಅವನು ಬೈಕಿನ ಜೊತೆಗೇ ಉರುಳಿದ. ಎದ್ದು ಏನೋ ಹೇಳಲು ಕೈ ಎತ್ತಿದ, ಆ ಕೈಯನ್ನು ಹಿಡಿದು ತಿರುಚಿದರು. ಕುಂಬಳಕಾಯಿಯ ಲೋಳೆಯಲ್ಲಿ ಜನ ಜಾರುತ್ತಿದ್ದರು, ಬೀಳುತ್ತಿದ್ದರು, ಎದ್ದು ಒದೆಯುತ್ತಿದ್ದರು. ನನ್ನ ಜೊತೆ ನಿತ್ಯ ಕ್ಯಾಂಟೀನಿನಲ್ಲಿ ಕೂತು ಮೊಸರನ್ನದ ಡಬ್ಬಿ ಹಂಚಿಕೊಳ್ಳುತ್ತಿದ್ದವನು ಅವನ ಹೊಟ್ಟೆಯ ಮೇಲೆ ಎರಡೂ ಕಾಲಲ್ಲಿ ಹಾರಿದ. ಇನ್ನೊಬ್ಬ, ಪೂಜೆಗೆ ತೊಳೆದು ಅರಿಶಿನ ಹಚ್ಚಿದ್ದ ದೊಡ್ಡ ಸ್ಪ್ಯಾನರು ತಂದ. “ಬಾಯಿ ಬಾಯಿ!” ಎಂದು ಕೂಗು ಬಂತು. ಹಿಂದಿನಿಂದ ಯಾರೋ ನೂಕಿದರು, ಅಥವಾ ನಾನೇ ನುಗ್ಗಿದೆ. ಕಾಲರು ನನ್ನ ಕೈಗೆ ಬಂದದ್ದು ಆಗ. ಅವನ ಮುಖ ನನ್ನ ಮುಖದಿಂದ ಒಂದು ಗೇಣು ದೂರದಲ್ಲಿತ್ತು. “ಮೇಷ್ಟ್ರೇ,” ಎಂದ. ಸ್ಪ್ಯಾನರು ಬಿತ್ತು. ದವಡೆ ಮುರಿದ ಸದ್ದು, ಒಣ ಕೊಬ್ಬರಿ ಮುರಿದಂತೆ, ಸ್ಪಷ್ಟವಾಗಿ ಕೇಳಿಸಿತು. ಅಷ್ಟು ನಿಶ್ಶಬ್ದವಾಗಿತ್ತು ಪೀಣ್ಯ.

ನನ್ನ ಜೊತೆ ಗೇಟಿಗೆ ಬಂದಿದ್ದ ಶರಣಪ್ಪ ಜನರ ಕಾಲುಗಳ ನಡುವೆ ನುಸುಳಿ ಬಂದು ಪುಟ್ಟರಾಜುವಿನ ಮೇಲೆ ಅಡ್ಡ ಬಿದ್ದ. ಒಂದು ಕೈಯಿಂದ ಅವನ ತಲೆ ಮುಚ್ಚಿಕೊಂಡು ಚೀರುತ್ತಿದ್ದ. “ಬಿಡ್ರೋ! ಬಾಯಿಗಿ ಹೊಡೀಬ್ಯಾಡ್ರೋ! ಅವ ಮಾತಾಡ್ಬೇಕು! ಅವ ಮಾತಾಡ್ಬೇಕ್ರೋ!” ಅವನ ಬೆನ್ನಿನ ಮೇಲೂ ಏಟು ಬಿದ್ದವು. ಮೊಂಡುಗೈಯ ಹೊಲಿಗೆಯ ಜಾಗ ಬಿರಿದು ರಕ್ತ ಬಂತು. ಪೊಲೀಸ್ ಜೀಪು ಬಂದ ಮೇಲೆಯೇ ಜನ ಚದುರಿದ್ದು. ಆಮೇಲೆ ವಿಡಿಯೋದಲ್ಲಿ ನೋಡಿದರೆ ರಸ್ತೆಯೆಲ್ಲ ಕೆಂಪು. ಯಾವುದು ಕುಂಕುಮ, ಯಾವುದು ರಕ್ತ, ಹೇಳಲು ಬರುವುದಿಲ್ಲ.

ವಿಡಿಯೋ ಮಾಡಿದ್ದು ಸೆಕ್ಯುರಿಟಿ ಕ್ಯಾಬಿನ್ನಿನಿಂದ. ಭಾಷಣ ಪೂರ್ತಿ ಇದೆ, ಹೊಡೆತ ಅರ್ಧ ಇದೆ. ಕಾಲರಿನ ಹೊತ್ತಿಗೆ ಕ್ಯಾಮೆರಾ ಆಕಾಶದ ಕಡೆ ತಿರುಗಿದೆ. ಸಂಜೆಯೊಳಗೆ ಅದು ಎಲ್ಲರ ಫೋನಿನಲ್ಲಿತ್ತು. ಮರುದಿನ ಬೆಳಗ್ಗೆ ಪೊಲೀಸರು ರೂಮು ರೂಮಿಗೆ ನುಗ್ಗಿ ಹುಡುಗರನ್ನು ಬನಿಯನ್ನಿನಲ್ಲೇ ಎಳೆದು ವ್ಯಾನಿಗೆ ತುಂಬಿದರು. ನಮ್ಮ ಬಾಗಿಲು ಬಡಿದು, ಗೇಟಿನ ಹತ್ತಿರ ಇರಲೇ ಇಲ್ಲ ಎಂದು ನಾನು ಹೇಳಿದ್ದನ್ನು ಬರೆದುಕೊಂಡು ಹೋದರು. ಅದೇ ಮಧ್ಯಾಹ್ನ ನಾನು ಕಾಡುಗೋಡಿಯಲ್ಲಿದ್ದ ಹಳೆಯ ಸಹಪಾಠಿಯ ರೂಮಿಗೆ ಓಡಿದೆ. ಎರಡು ವಾರ ಅಲ್ಲಿದ್ದೆ.

ಕಂಪನಿಯ ವಕೀಲರು ಆ ವಿಡಿಯೋವನ್ನು ಕಾರ್ಮಿಕ ನ್ಯಾಯಾಲಯದ ಮುಂದಿಟ್ಟರು. ಅಲ್ಲಿಂದ ಅದು ಹೈಕೋರ್ಟಿಗೆ ಹೋಯಿತು. ನಡೆಯುತ್ತಿರುವ ಪ್ರಕರಣದ ಬಗ್ಗೆ ಸಾರ್ವಜನಿಕವಾಗಿ ಮಾತಾಡಿ, ನ್ಯಾಯಾಧೀಶರ ಮೇಲೆ ಆಧಾರವಿಲ್ಲದ ಆರೋಪ ಹೊರಿಸಿ, ಸಾಕ್ಷಿಯನ್ನು ಬೆದರಿಸಿದ್ದಕ್ಕಾಗಿ ನಿಮ್ಮ ಮೇಲೆ ನ್ಯಾಯಾಂಗ ನಿಂದನೆಯ ಕ್ರಮ ಏಕೆ ಕೈಗೊಳ್ಳಬಾರದು ಎಂದು ಗಂಗಣ್ಣನಿಗೆ ನೋಟೀಸು ಬಂತು. ಗಂಗಣ್ಣನ ಹೆಸರೊಂದೇ ಇತ್ತು. ನಿರ್ಮಲಾ ಮೇಡಂ ನೋಟೀಸು ಓದಿ, ಶರಣಪ್ಪನ ಕೇಸಿನ ವಕಾಲತ್ತನ್ನೂ ಬಿಡುತ್ತೇನೆ ಎಂದರು. ಸಿಟ್ಟಿರಲಿಲ್ಲ ಮಾತಿನಲ್ಲಿ. “ನಾನು ಕೇಳಿದ್ದು ಒಂದೇ ಉಪಕಾರ,” ಎಂದರು ಅಷ್ಟೆ.

ಹೈಕೋರ್ಟಿನ ಜಗಲಿಯಲ್ಲಿ ಗಂಗಣ್ಣ ನನ್ನನ್ನು ಕಂಬದ ಮರೆಗೆ ಕರೆದರು.

“ಮೇಷ್ಟ್ರೇ, ಸುಮ್ನೆ ಕೇಳ್ತೀನಿ, ಬ್ಯಾಸರ ಮಾಡ್ಕೋಬ್ಯಾಡಿ. ಬಾಯಿ ಮುಚ್ಸೋ ಮಾತು ನೀವು ಬರ್ದಿದ್ದಾ, ನಾನೇ ಆಡಿದ್ದಾ?”

“ಗೊತ್ತಿಲ್ಲ ಅಣ್ಣ. ಕಾಗದ ಎಲ್ಲಿದೆ?”

“ಅವತ್ತೇ ನುಂಗ್ಬಿಟ್ಟೆ ಕಣ್ರೀ. ಜೀಪು ಬಂತಲ್ಲ, ಬಾಯಿಗಾಕ್ಕೊಂಡು ಅಗ್ದು ನುಂಗ್ದೆ.” ನನ್ನ ಭುಜ ತಟ್ಟಿ, “ಓಗ್ಲಿ ಬಿಡಿ. ನಿಮ್ಗಿನ್ನೂ ವಯಸ್ಸದೆ,” ಎಂದರು.

ಒಳಗೆ ಅವರು ಎಂಟು ಬೆರಳಿನ ಕೈ ಮುಗಿದು ಬೇಷರತ್ ಕ್ಷಮೆ ಕೇಳಿದರು. ಬರೆದುಕೊಟ್ಟವರು ಯಾರು ಎಂದು ಕೇಳಿದಾಗ, “ನನ್ ಮಾತು ಸ್ವಾಮಿ, ನಾನೇ ಆಡಿದ್ದು,” ಎಂದರು. ನಾನು ಹಿಂದಿನ ಬೆಂಚಿನಲ್ಲಿದ್ದೆ. ಎದ್ದು ನಿಲ್ಲಬೇಕೆಂದುಕೊಂಡೆ. ಎದ್ದೆ ಎಂದು ಕೂಡ ಕೆಲವು ದಿನ ನೆನಪಾಗುತ್ತದೆ, ಆದರೆ ಎದ್ದಿದ್ದರೆ ನನ್ನ ಹೆಸರು ಎಲ್ಲಾದರೂ ದಾಖಲಾಗುತ್ತಿತ್ತು. ಇಬ್ಬರು ನ್ಯಾಯಮೂರ್ತಿಗಳಲ್ಲಿ ಹಿರಿಯರು ಕನ್ನಡದಲ್ಲೇ ಹೇಳಿದರು. ಮಾತು ಹೆಚ್ಚುಕಡಿಮೆ ಹೀಗಿತ್ತು: ನಮ್ಮನ್ನು ಬೈದದ್ದನ್ನು ನಾವು ಮರೆಯಬಹುದು. ಒಬ್ಬ ಸಾಕ್ಷಿಯ ಬಾಯಿ ಹೋಗಿದೆಯಲ್ಲ, ಅದಕ್ಕೆ ನಿಮ್ಮ ಕ್ಷಮೆಯಿಂದ ಏನಾಗುತ್ತದೆ? ಗಂಗಣ್ಣನಿಗೆ ಹದಿನೈದು ದಿನ ಸಾದಾ ಸಜೆಯಾಯಿತು. ಹೊರಬಂದಾಗ, “ಊಟ ಪರ್ವಾಗಿಲ್ಲ. ಸದ್ದೇ ಇಲ್ಲ ನೋಡಿ ಅಲ್ಲಿ, ನಿದ್ದೆ ಬರಾಕಿಲ್ಲ,” ಎಂದರು.

ಪುಟ್ಟರಾಜುವಿನ ದವಡೆಗೆ ತಂತಿ ಬಿಗಿದಿದ್ದರು. ಒಂದು ಕಿವಿ ಕೇಳುತ್ತಿರಲಿಲ್ಲ. ಕಂಪನಿ ತನ್ನ ಪಟ್ಟಿಯಿಂದ ಅವನ ಹೆಸರನ್ನು ಕೈಬಿಟ್ಟಿತು. ನಮ್ಮ ಹೊಸ ವಕೀಲರು ಅವನನ್ನು ಕರೆಸಲಿಲ್ಲ, ಇನ್‌ಸ್ಪೆಕ್ಟರ್ ಫೈಲಿನ ಅರ್ಜಿಯನ್ನು ಮುಂದುವರಿಸಲೂ ಇಲ್ಲ. ಈ ಗಲಾಟೆಯ ನಂತರ ಏನು ಕೇಳಿದರೂ ನಡೆಯುವುದಿಲ್ಲ ಎಂದರು. ತೀರ್ಪು ಬಂತು. ಶರಣಪ್ಪನೇ ಪಟ್ಟಿ ಕಟ್ಟಿದ್ದ ಎಂಬುದನ್ನು ಅಲ್ಲಗಳೆಯುವ ಯಾವ ಸಾಕ್ಷ್ಯವೂ ಇಲ್ಲವಾದ್ದರಿಂದ ವಜಾ ಎತ್ತಿಹಿಡಿಯಲಾಗಿದೆ. ಅಷ್ಟೂ ಪುಟ ಓದಿದೆ. ಆ ಜಡ್ಜ್ ತಮ್ಮ ಮುಂದೆ ಇಲ್ಲದ್ದನ್ನು ಹೇಗೆ ನೋಡಬೇಕಿತ್ತು ಎಂದು ನನಗೆ ಇವತ್ತಿಗೂ ಹೇಳಲು ಬರುವುದಿಲ್ಲ.

ಯಶವಂತಪುರದಲ್ಲಿ ರೈಲು ಹತ್ತಿಸುವಾಗ ಶರಣಪ್ಪ ನನ್ನನ್ನು ಬೈಯಲಿಲ್ಲ. ಕಿಟಕಿಯ ಸರಳಿನಾಚೆ ಕೂತು, “ಅವ ಅವತ್ತ ನನ್ನ ಹೆಸರು ಕೇಳಿದ್ದನಂತ್ರಿ ಗೇಟಿನ್ಯಾಗ. ಯಾಕ ಕೇಳಿದ್ದಾನು?” ಎಂದ.

“ಗೊತ್ತಿಲ್ಲ ಶರಣಪ್ಪ.”

“ನಿಮಗ ಓದು ಬರ್ತದ. ಎಂದಾರ ಗೊತ್ತಾದ್ರ ತಿಳಸ್ರಿ.” ರೈಲು ಹೊರಟಿತು.

ಮೋಟರಿನ ಬಿಡಿಭಾಗ ಕೊಳ್ಳದೆ ವಾಪಸು ಬಂದೆ ಎಂದೆನಲ್ಲ, ಆ ವಾರ ಕಾರ್ಖಾನೆ ಇನ್‌ಸ್ಪೆಕ್ಟರ ಕಚೇರಿಗೆ ಮಾಹಿತಿ ಹಕ್ಕಿನಲ್ಲಿ ಒಂದು ಅರ್ಜಿ ಹಾಕಿದೆ. ತಿಂಗಳ ಮೇಲೆ ಒಂದು ಲಕೋಟೆ ಬಂತು. ಒಳಗೆ ಒಂದೇ ಹಾಳೆ, ದೃಢೀಕರಿಸಿದ ನಕಲು. ಅದನ್ನು ಇನ್ನೊಂದು ನಕಲು ಮಾಡಿಸಿ ಶರಣಪ್ಪನ ಊರಿಗೆ ರಿಜಿಸ್ಟರ್ ಪೋಸ್ಟಿನಲ್ಲಿ ಕಳಿಸಿದ್ದೇನೆ. ಈ ಬರಹದಲ್ಲಿ ನಾನು ಹೇಳಿದ ಬೇರೆ ಯಾವುದನ್ನಾದರೂ ನೀವು ಅನುಮಾನಿಸಬಹುದು, ಇದನ್ನು ಬೇಡ. ಹೇಳಿಕೆ ಕೊಟ್ಟವರು ಪುಟ್ಟರಾಜು, ಪ್ರೆಸ್ ಸೆಟ್ಟರ್. ದಿನಾಂಕ ಅಪಘಾತದ ಮರುದಿನದ್ದು, ಅಂದರೆ ನಮ್ಮ ಭಾಷಣಕ್ಕೆ ಒಂದು ವರ್ಷ ನಾಲ್ಕು ತಿಂಗಳು ಮೊದಲು. ಅದರಲ್ಲಿ ಹೀಗಿದೆ: ‘ಎಡಗಡೆ ಬಟನ್ನಿಗೆ ಟ್ಯೂಬ್ ಕಟ್ಟಿದ್ದು ನಾನು. ಮೇಲಿನವರು ಹೇಳಿದ ಮೇರೆಗೆ ಪ್ರತಿ ಶಿಫ್ಟಿನಲ್ಲೂ ನಾನೇ ಕಟ್ಟುತ್ತೇನೆ. ಶರಣಪ್ಪ ಕಟ್ಟಿಲ್ಲ.’ ಕೆಳಗೆ ಅವನ ಸಹಿ.